ಎಂಡಾರ್ಟರೈಟಿಸ್ ಅಂದರೇನೆಂದು ಕೇಳಿದವರಿಗೆ

ನಾನು ಓದಿದ್ದು ಮೂರನೆಯ ಕ್ಲಾಸಿನವರೆಗೆ. ಇಂಗ್ಲೀಷಿನಲ್ಲಿ ನನಗೆ ಬರುವ ಮಾತುಗಳೆಲ್ಲ ತೋಟದವು: ಎಸ್ಟೇಟು, ರೈಟರು, ಪಲ್ಪರು, ಪಾರ್ಚ್‌ಮೆಂಟು. ಅವು ಬಿಟ್ಟರೆ ಇನ್ನೊಂದೇ ಮಾತು ಬರುತ್ತದೆ, ಎಂಡಾರ್ಟರೈಟಿಸ್. ಅದನ್ನು ತಡವರಿಸದೆ ಹೇಳುತ್ತೇನೆ. ತೋಟದ ಲೆಕ್ಕ ಬರೆಯುವ ನಮ್ಮ ರೈಟರಿಗೂ ಅಷ್ಟು ಸಲೀಸಾಗಿ ಬಾಯಿ ಹೊರಳುವುದಿಲ್ಲ. ಅದು ನನ್ನ ತಮ್ಮ ಶೇಷನ ಕಾಯಿಲೆಯ ಹೆಸರು. ಅವನಿಗೆ ಈಗ ಮಂಡಿಯಿಂದ ಕೆಳಗೆ ಎರಡು ಕಾಲೂ ಇಲ್ಲ.

ಕಾಲಬೆರಳು ಕಪ್ಪಾದವರು, ಅಂಥವರನ್ನು ಮನೆಯಲ್ಲಿಟ್ಟುಕೊಂಡು ಏನು ಮಾಡಬೇಕೆಂದು ತಿಳಿಯದವರು, ಆಗಾಗ ನಮ್ಮ ಬಾಗಿಲಿಗೆ ಬರುತ್ತಾರೆ. ಕಳಸದ ಕಡೆಯಿಂದಲೂ ಬಂದಿದ್ದಾರೆ. ಶೇಷ ಅವರನ್ನು ಕೂರಿಸಿಕೊಂಡು ಮಾತಾಡುತ್ತಾನೆ. ನಾನು ಕಾಫಿ ಕೊಟ್ಟು ಒಳಗೆ ಹೋಗುತ್ತೇನೆ. ಅವರಿಗೆ ಅವನು ಹೇಳದ ಒಂದು ವಿಷಯ ಇದೆ. ಅದನ್ನು ಹೇಳಬೇಕಾದವಳು ನಾನು. ಇದನ್ನು ಓದಿ ಯಾರಿಗಾದರೂ ಸಮಾಧಾನವಾಗುತ್ತದೆ ಅನ್ನುವ ಭರವಸೆ ನನಗಿಲ್ಲ. ನಮ್ಮ ಹಾಗೆ ಇನ್ನೊಂದು ಮನೆಯೂ ಇದೆ ಎಂದು ತಿಳಿದರೆ ಸಾಕು.

ಶೇಷ ನನಗಿಂತ ಚಿಕ್ಕವನು. ನಾನು ಗಂಡನನ್ನು ಕಳೆದುಕೊಂಡು ತವರಿಗೆ ಹಿಂದಿರುಗಿದಾಗ ಅಪ್ಪ ಆಗಲೇ ತೀರಿಹೋಗಿದ್ದ. ಅವ್ವ, ಶೇಷ, ನಾನು, ಮೂವರೂ ಜಾವಳಿ ಹತ್ತಿರದ ಒಂದು ಕಾಫಿ ತೋಟದ ಕೂಲಿ ಲೈನಿನಲ್ಲಿ, ಅಂದರೆ ಆಳುಗಳ ಸಾಲುಮನೆಯಲ್ಲಿ, ಇದ್ದೆವು. ಶೇಷನ ಕೆಲಸ ಮರಗಸಿ. ಮಳೆ ಹಿಡಿಯುವ ಮುಂಚೆ ನೆರಳಿನ ಮರಗಳನ್ನು ಹತ್ತಿ, ಗಿಡಕ್ಕೆ ಎಷ್ಟು ಬಿಸಿಲು ಬೇಕೋ ಅಷ್ಟಕ್ಕೆ ಕೊಂಬೆ ಇಳಿಸುವುದು. ಒಂದು ಕೈಯಲ್ಲಿ ಕತ್ತಿ, ಬಾಯಲ್ಲಿ ಬೀಡಿ, ಮಿಕ್ಕಿದ್ದೆಲ್ಲ ಕಾಲಿನ ಹಿಡಿತ. ಅವನ ಹಿಮ್ಮಡಿಗೆ ಕಣ್ಣಿದೆ ಎಂದು ಮೇಸ್ತ್ರಿ ಹೇಳುತ್ತಿದ್ದ.

ಮೊದಲು ಗೊತ್ತಾದದ್ದು ಉಂಬಳದಿಂದ, ಅಂದರೆ ಜಿಗಣೆಯಿಂದ. ಮಳೆಗಾಲದಲ್ಲಿ ತೋಟದಿಂದ ಬಂದವರೆಲ್ಲ ಹೊಸ್ತಿಲಲ್ಲಿ ಕೂತು ಕಾಲಿಗೆ ಹತ್ತಿದ ಉಂಬಳ ಕೀಳುತ್ತಿದ್ದೆವು. ಶೇಷನ ಬಲಗಾಲಲ್ಲಿ ನೆತ್ತರು ಇಳಿಯುತ್ತಿತ್ತು, ಎಡಗಾಲಲ್ಲಿ ಕಚ್ಚಿದ ಗುರುತೂ ಇರುತ್ತಿರಲಿಲ್ಲ.

"ನನ್ನ ಎಡಗಾಲು ಉಂಬಳಕ್ಕೆ ರುಚಿಸಲ್ಲ ಅಕ್ಕ," ಎಂದು ನಕ್ಕಿದ್ದ. ನಾನೂ ನಕ್ಕಿದ್ದೆ.

ಆಮೇಲೆ ಏರು ಹತ್ತುವಾಗ ಮೀನಖಂಡ ಹಿಡಿದುಕೊಳ್ಳತೊಡಗಿತು. ನಿಂತರೆ ಬಿಡುತ್ತಿತ್ತು, ನಡೆದರೆ ಮತ್ತೆ ಹಿಡಿಯುತ್ತಿತ್ತು. ಮಲಗಿದರೆ ಪಾದ ನೋಯುತ್ತಿತ್ತು, ಕಾಲನ್ನು ಮಂಚದಿಂದ ಕೆಳಗೆ ಜೋತುಬಿಟ್ಟರೆ ಸ್ವಲ್ಪ ಕಡಿಮೆ. ಕಡೆಗೆ ಹೆಬ್ಬೆರಳ ತುದಿಯಲ್ಲಿ ಒಂದು ಹುಣ್ಣಾಯಿತು. ಅದು ಮಾಯಲಿಲ್ಲ. ಪಕ್ಕದ ಬೆರಳು ನೇರಳೆ ಬಣ್ಣಕ್ಕೆ ತಿರುಗಿತು. ಅವ್ವ ಅದನ್ನು ನೋಡಿದಳು. ಆ ದಿನದಿಂದ ಶೇಷನ ತಟ್ಟೆಯನ್ನು ಬೇರೆ ಇಟ್ಟಳು. ನಮ್ಮ ತಟ್ಟೆಗಳನ್ನು ಒಟ್ಟಿಗೆ ತೊಳೆದು, ಅವನದನ್ನು ಆಮೇಲೆ ಬೂದಿ ಹಾಕಿ ಎರಡು ಸಲ ಉಜ್ಜಿ, ಹೊರಗಿನ ಕಟ್ಟೆಯ ಮೇಲೆ ಬೋರಲು ಹಾಕುತ್ತಿದ್ದಳು. ದೊಡ್ಡರೋಗ, ಅಂದರೆ ಕುಷ್ಠ, ಅನ್ನುವ ಮಾತು ನಮ್ಮ ಮನೆಯಲ್ಲಿ ಯಾರ ಬಾಯಿಂದಲೂ ಬರಲಿಲ್ಲ. ಆ ತಟ್ಟೆಯೇ ಅದನ್ನು ಹೇಳುತ್ತಿತ್ತು.

ನಾನು ಅವನನ್ನು ಚಿಕ್ಕಮಗಳೂರಿನ ಆಸ್ಪತ್ರೆಗೆ ಕರೆದುಕೊಂಡು ಹೊರಟೆ. ಯುದ್ಧದ ಕಾಲ. ಪೆಟ್ರೋಲಿಲ್ಲದೆ ಬಸ್ಸುಗಳೆಲ್ಲ ಬೆನ್ನಿಗೆ ಇದ್ದಿಲಿನ ಒಲೆ ಕಟ್ಟಿಕೊಂಡು ಓಡುತ್ತಿದ್ದವು. ಮೂಡಿಗೆರೆ ಬಿಟ್ಟು ಏರು ಬಂದ ಕೂಡಲೆ ಬಸ್ಸು ದಮ್ಮು ಕಟ್ಟಿ ನಿಂತಿತು. ಗಂಡಸರೆಲ್ಲ ಇಳಿದು ನಡೆಯಿರಿ ಎಂದ ಕಂಡಕ್ಟರು.

"ಇವನಿಗೆ ಕಾಲು ಸರಿ ಇಲ್ಲ," ಎಂದೆ.

"ಬಸ್ಸಿಗೂ ಸರಿ ಇಲ್ಲ ಅಮ್ಮ. ಪ್ರಾಯದ ಆಳು, ಇಳಿ ಮಾರಾಯ. ನಿನ್ನ ಹೊತ್ತು ಏರು ಹತ್ತಿದ್ರೆ ಈ ಬಸ್ಸು ಇಲ್ಲೇ ಕಣ್ಣು ಮುಚ್ಚುತ್ತದೆ."

ಶೇಷ ಇಳಿದ. ನಾನೂ ಇಳಿದೆ. ನಾಲ್ಕು ಹೆಜ್ಜೆಗೆ ಅವನು ನಿಲ್ಲುತ್ತಿದ್ದ. ನಿಂತಾಗಲೆಲ್ಲ ಬೀಡಿ ಹಚ್ಚುವವನ ಹಾಗೆ ಗಾಳಿಗೆ ಬೆನ್ನು ಮಾಡಿ ಕೈ ಮುಚ್ಚಿಕೊಳ್ಳುತ್ತಿದ್ದ. ಮುಂದೆ ಹೋಗುತ್ತಿದ್ದವರು, "ಎಂಥ ಬೀಡಿ ಚಟ ಇವನಿಗೆ," ಎಂದು ನಗಾಡಿದರು. ನೋವಿಗೆ ನಿಲ್ಲುತ್ತಾನೆಂದು ಯಾರಿಗೂ ಅನುಮಾನ ಬರಲಿಲ್ಲ. ನಟಿಸುವುದರಲ್ಲಿ ನನ್ನ ತಮ್ಮ ಜಾಣ. ಅದನ್ನು ಆಮೇಲೆ ನಾನೇ ಉಪಯೋಗಿಸಿಕೊಂಡೆ.

ಆಸ್ಪತ್ರೆಯ ಜಗುಲಿಯಲ್ಲಿ ಜನ ಕಿಕ್ಕಿರಿದಿದ್ದರು. ಶೇಷನ ಬೆರಳನ್ನು ಕಂಡು ಪಕ್ಕದ ಹೆಂಗಸು ಮಗುವನ್ನೆತ್ತಿಕೊಂಡು ಆಚೆ ಸರಿದಳು. ಅವಳ ಜಾಗ ಖಾಲಿಯಾಯಿತು, ಅದರಾಚೆಯ ಜಾಗವೂ ಖಾಲಿಯಾಯಿತು. "ನೋಡು ಅಕ್ಕ, ದೊರೆಗಳ ಹಾಗೆ ಕಾಲು ನೀಡಿಕೊಂಡು ಕೂರಬಹುದು," ಎಂದ ಶೇಷ. ನಮ್ಮನ್ನು ಕರೆಯುವ ಹೊತ್ತಿಗೆ ಮಧ್ಯಾಹ್ನ ಕಳೆದಿತ್ತು.

ಡಾಕ್ಟರು ನಡುವಯಸ್ಸಿನವರು, ಮೈಸೂರು ಕಡೆಯವರು. ಅವರು ಕಾಲಿಗೆ ಸುತ್ತಿದ ಬಟ್ಟೆಯನ್ನು ತಾವೇ ಬಿಚ್ಚಿ, ಬರಿಗೈಯಲ್ಲಿ ಪಾದವನ್ನು ಹಿಡಿದುಕೊಂಡು, ಅದರ ಮೇಲ್ಭಾಗದಲ್ಲಿ ಎರಡು ಬೆರಳಿಟ್ಟು ಕಣ್ಣು ಮುಚ್ಚಿದರು. ಕಾಲಿನಲ್ಲೂ ನಾಡಿ ನೋಡುತ್ತಾರೆಂದು ನನಗೆ ಅಲ್ಲಿಯವರೆಗೆ ಗೊತ್ತಿರಲಿಲ್ಲ. ಬಹಳ ಹೊತ್ತು ಹಾಗೇ ಹಿಡಿದಿದ್ದರು. ಬಾಗಿಲಲ್ಲಿ ನಿಂತಿದ್ದ ಜನ ಅದನ್ನು ನೋಡುತ್ತಿದ್ದರು. ನಮ್ಮ ಅವ್ವ ಮುಟ್ಟಲು ಹೆದರಿದ ಕಾಲನ್ನು ಅಷ್ಟು ದೊಡ್ಡವರು ತೊಡೆಯ ಮೇಲಿಟ್ಟುಕೊಂಡಿದ್ದರು. ಅವತ್ತು ನನಗೆ ಸಿಕ್ಕ ಉಪಕಾರ ಅದೊಂದೇ, ಆದರೆ ಅದು ಸಣ್ಣದಲ್ಲ.

"ಬೀಡಿ ಎಷ್ಟು ಸೇದ್ತೀಯಪ್ಪ?"

"ಲೆಕ್ಕ ಇಟ್ಟಿಲ್ಲ ಸ್ವಾಮಿ."

"ಇಡೋಕೆ ಆಗದಷ್ಟು ಅನ್ನು."

ನಾನು ತಡೆಯಲಾರದೆ ಕೇಳಿದೆ. "ದೊಡ್ಡರೋಗವಾ ಸ್ವಾಮಿ?"

"ಅಲ್ಲ. ಆಗಿದ್ರೆ ಹೇಳ್ತಿದ್ದೆ. ಇದರ ಹೆಸರು ಎಂಡಾರ್ಟರೈಟಿಸ್."

ಇನ್ನೊಂದು ಸಲ ಹೇಳಿ ಎಂದೆ. ಅವರಿಗೆ ನಗು ಬಂತು. ಆದರೂ ತುಂಡು ತುಂಡು ಮಾಡಿ ಹೇಳಿಕೊಟ್ಟರು. ಎಂಡೋ ಅಂದರೆ ಒಳಗೆ. ಆರ್ಟರಿ ಅಂದರೆ ಎದೆಯಿಂದ ಒಳ್ಳೆಯ ನೆತ್ತರನ್ನು ತರುವ ನಾಳ. ಐಟಿಸ್ ಅಂದರೆ ಉರಿ, ಬಾವು.

"ನಾಳದ ಒಳಮೈಗೆ ಒಂದು ನಯವಾದ ಪೊರೆ ಇದೆ. ಆ ಪೊರೆ ಊದಿಕೊಂಡು, ದಪ್ಪ ಆಗಿ, ದಾರಿ ಕಟ್ಟಿಹೋಗಿದೆ. ಕೆಳಗಡೆಗೆ ನೆತ್ತರು ಇಳೀತಾ ಇಲ್ಲ."

"ನಮ್ಮ ಪಲ್ಪರ್ ಮನೆ ಕೊಳವೆ ಒಳಗೆ ಪಾಚಿ ಕಟ್ಟಿದ ಹಾಗೆ," ಎಂದ ಶೇಷ.

"ಅಲ್ಲಪ್ಪ. ಪಾಚಿ ಹೊರಗಿಂದ ಬಂದು ಕೂರೋದು. ಅದನ್ನ ಉಜ್ಜಿ ತೆಗೀಬಹುದು. ಇದು ಕೊಳವೇನೇ ಒಳಗೊಳಗೆ ಊದೋದು. ತೊಳೆಯೋಕೆ ಬರಲ್ಲ."

ಆಮೇಲೆ ಅವರು ನನ್ನ ಕಡೆ ತಿರುಗಿ ಹೇಳಿದ್ದನ್ನು ಇಲ್ಲಿ ಬರೆಯುತ್ತೇನೆ. ಓದುವವರು ಇದೊಂದನ್ನು ಮರೆಯಬೇಡಿ. "ಹೊಗೆಸೊಪ್ಪು ಯಾವ ರೂಪದಲ್ಲೂ ಕೂಡದು. ಕಾಲಿಗೆ ಥಂಡಿ ತಾಗಬಾರದು. ಬಿಸಿನೂ ತಾಗಬಾರದು. ತಣ್ಣಗಿದೆ ಅಂತ ಕಾಸೋಕೆ ಹೋಗಬೇಡಿ. ಬಿಸಿ ತಾಗಿದ ಜಾಗಕ್ಕೆ ನೆತ್ತರು ಜಾಸ್ತಿ ಬೇಕು. ಇವನ ಕಾಲಿಗೆ ಇರೋದೇ ಸಾಲ್ತಿಲ್ಲ, ಮೇಲಿಂದ ಎಲ್ಲಿ ತರೋದು? ಸುಟ್ಟರೆ ಇವನಿಗೆ ಗೊತ್ತೂ ಆಗಲ್ಲ, ಮಾಯೋದೂ ಇಲ್ಲ. ಹತ್ತಿ ಸುತ್ತಿ, ಮೆತ್ತಗಿನದೇನಾದರೂ ತೊಡಿಸಿ ಇಟ್ಕೊಳ್ಳಿ."

ಬೀಡಿ ಬಿಟ್ಟು ತೋರಿಸಿದರೆ ಬೆಂಗಳೂರಿನ ಸರ್ಜನ್ನರಿಗೆ ಬರೆಯುತ್ತೇನೆ ಎಂದರು. ಅಲ್ಲಿ ಬೆನ್ನೆಲುಬಿನ ಹತ್ತಿರ ಒಂದು ನರ ಕತ್ತರಿಸುತ್ತಾರಂತೆ. ನಾಳಗಳು ಸ್ವಲ್ಪ ಸಡಿಲವಾಗುತ್ತವಂತೆ. ಬಲಗಾಲಿನ ನಾಡಿಯೂ ಸಣ್ಣಗಾಗಿದೆ, ಅದನ್ನಾದರೂ ಉಳಿಸಿಕೊಳ್ಳಬಹುದು ಎಂದರು. "ಆದರೆ ಸೇದುವವನಿಗೆ ಅದು ದಂಡ. ಅಂಥವನನ್ನ ನಾನು ಕಳಿಸಲ್ಲ."

ಹೊರಡುವಾಗ ನಾನು ಹೆಸರನ್ನು ತಪ್ಪಿಲ್ಲದೆ ಹೇಳಿ ತೋರಿಸಿದೆ. "ನಿನ್ನ ಅಕ್ಕ ಜಾಣೆ ಕಣಯ್ಯ," ಎಂದರು ಶೇಷನಿಗೆ. ಬಸ್ಸಿನಲ್ಲಿ ದಾರಿಯುದ್ದಕ್ಕೂ ಮಗ್ಗಿ ಬಾಯಿಪಾಠ ಮಾಡುವ ಹಾಗೆ ಅದನ್ನೇ ಹೇಳಿಕೊಂಡು ಬಂದೆ.

ಲೈನಿನಲ್ಲಿ ಆ ಮಾತು ಕೆಲವು ಕಾಲ ಚೆನ್ನಾಗಿ ಕೆಲಸ ಮಾಡಿತು. ಬಾವಿಯ ಹತ್ತಿರ ಯಾರಾದರೂ ಕೊಡ ಹಿಂದಕ್ಕೆ ಎಳೆದುಕೊಂಡರೆ ನಾನು ಅದನ್ನು ಹೇಳುತ್ತಿದ್ದೆ. ಮೇಸ್ತ್ರಿ ಕೇಳಿದರೆ ಹೇಳುತ್ತಿದ್ದೆ. ಹುಡುಗರು ಯಾರಿಗಾದರೂ ನೆಗಡಿಯಾದರೆ, "ನಿಂಗೂ ಟರೈಟಿಸ್ಸಾ ಮಾರಾಯ?" ಎಂದು ತಮಾಷೆ ಮಾಡುತ್ತಿದ್ದರು. ದೊರೆಗಳಿಗೆ ಬರುವ ಕಾಯಿಲೆ ಇರಬೇಕು ಎಂದು ಕೆಲವರು ಮರ್ಯಾದೆಯನ್ನೂ ಕೊಟ್ಟರು.

ಶೇಷ ಬೀಡಿ ಬಿಟ್ಟ. ಇದನ್ನು ನಾನು ಸ್ಪಷ್ಟವಾಗಿ ಬರೆಯಬೇಕು. ಅವನು ಪೂರ್ತಿಯಾಗಿ ಬಿಟ್ಟ. ಮೊದಮೊದಲು ಸಿಡಿಮಿಡಿ ಮಾಡಿದ, ಉಣ್ಣಲಿಲ್ಲ, ಬಾಯಲ್ಲಿ ಏಲಕ್ಕಿ ಸಿಪ್ಪೆ ಇಟ್ಟುಕೊಂಡು ಜಗಿದ. ಬೀಡಿ ಸೇದುವವರು ಬಂದರೆ ಎದ್ದು ಹಿತ್ತಲಿಗೆ ಹೋಗುತ್ತಿದ್ದ. ಡಾಕ್ಟರು ಕಲಿಸಿದ ಹಾಗೆ ಕಾಲನ್ನು ಗೋಡೆಗೆ ಎತ್ತಿ ಇಡುವುದು, ಕೆಳಗೆ ಇಳಿಬಿಡುವುದು, ಅಡ್ಡ ಇಡುವುದು, ಹೊತ್ತುಹೊತ್ತಿಗೆ ಮಾಡುತ್ತಿದ್ದ. ನಾನು ಹಳೆಯ ಕಂಬಳಿ ಕತ್ತರಿಸಿ ಪಾದಕ್ಕೆ ಚೀಲ ಹೊಲಿದುಕೊಟ್ಟೆ. ಮಳೆ ನಿಂತು ಕಾಫಿ ಹಣ್ಣಾಗುವ ಹೊತ್ತಿಗೆ ಹೆಬ್ಬೆರಳ ಹುಣ್ಣಿನ ಅಂಚು ಒಣಗಿ ಗುಲಾಬಿ ಬಣ್ಣದ ಹೊಸ ಚರ್ಮ ಬಂದಿತ್ತು. ಅಂಗುಲದಲ್ಲಿ ಅರ್ಧದಷ್ಟು ಇರಬಹುದು. ನಾವಿಬ್ಬರೂ ಬಿಸಿಲಿಗೆ ಹಿಡಿದು ಅದನ್ನು ನೋಡುತ್ತಿದ್ದೆವು.

ಆದರೆ ಕಾಲಿಗೆ ಚೀಲ ಹಾಕಿಕೊಂಡವನನ್ನು ಜನ ಸುಮ್ಮನೆ ಬಿಡುವುದಿಲ್ಲ. ಪಕ್ಕದ ಮನೆಯ ಚೆಲುವಕ್ಕ ಒಂದು ದಿನ ಎಲ್ಲರೆದುರಿಗೇ ಕೇಳಿದಳು.

"ಗಿರಿಜಾ, ಇಂಗ್ಲೀಷಲ್ಲಿ ಹೇಳಿದ್ರೆ ದೊಡ್ಡರೋಗ ಚಿಕ್ಕದಾಗ್ತದಾ?"

"ಡಾಕ್ಟ್ರು ಕೈಯಲ್ಲಿ ಹಿಡಿದು ನೋಡಿದ್ದಾರೆ ಚೆಲುವಕ್ಕ."

"ಹಿಡೀಲಿ ಬಿಡು. ಅವರು ಸೋಪು ಹಾಕಿ ತೊಳ್ಕೊಂಡು ಮನೆಗೆ ಹೋದ್ರು. ನಾವು ಇಲ್ಲೇ ಇರೋರಲ್ವಾ? ನಿನ್ನ ತಮ್ಮನ ಬೆರಳಿಗೆ ಮುಳ್ಳು ಚುಚ್ಚಿದ್ರೂ ಗೊತ್ತಾಗಲ್ವಂತೆ, ಹೌದಾ?"

ನಾನು ಇಲ್ಲವೆಂದೆ. ಅದು ಸುಳ್ಳು. ಬೆರಳುಗಳು ಮರಗಟ್ಟಿದ್ದವು. ದೊಡ್ಡರೋಗದವರ ಚರ್ಮಕ್ಕೆ ಏನೂ ತಿಳಿಯುವುದಿಲ್ಲ ಅನ್ನುವುದು ಎಲ್ಲರಿಗೂ ಗೊತ್ತು. ಬೇರೆ ಕಾಯಿಲೆಯಲ್ಲೂ ಹಾಗಾಗುತ್ತದೆ ಎಂದು ವಿವರಿಸುವಷ್ಟು ನಾನು ಕಲಿತಿರಲಿಲ್ಲ. ಹೆಸರು ಕಲಿತಿದ್ದೆ, ಅಷ್ಟೇ.

ಮೇಸ್ತ್ರಿ ಒಳ್ಳೆಯವನು. ಮನೆಗೆ ಬಂದು ತಗ್ಗಿದ ದನಿಯಲ್ಲಿ ಹೇಳಿದ. "ದೂರು ಮೇಲೆ ಹೋಗಿದೆ ಗಿರಿಜಕ್ಕ. ದೊಡ್ಡರೋಗದವರು ಲೈನಲ್ಲಿ ಇರೋ ಹಾಗಿಲ್ಲ ಅಂತ ರೈಟರು ಹೇಳಿದ್ರು. ನಂಗೆ ನಂಬಿಕೆ ಇದೆ. ಜನಕ್ಕೆ ಎಂತ ಹೇಳೋದು?"

ಆಗ ನಾನು ಒಂದು ಉಪಾಯ ಹೇಳಿದೆ. ಯಾರೂ ನನ್ನನ್ನು ಒತ್ತಾಯಿಸಲಿಲ್ಲ. ನನ್ನ ತಲೆಗೇ ಹೊಳೆದದ್ದು.

ನಮ್ಮ ತೋಟದ ಕಾಫಿ ಕಣ ಸಿಮೆಂಟಿನದು. ಪಲ್ಪರ್ ಯಂತ್ರದಲ್ಲಿ ಹಣ್ಣಿನ ಸಿಪ್ಪೆ ತೆಗೆದು, ಲೋಳೆ ತೊಳೆದ ಬೀಜವನ್ನು ಪಾರ್ಚ್‌ಮೆಂಟು ಅನ್ನುತ್ತೇವೆ. ಅದನ್ನು ಕಣದಲ್ಲಿ ಹರವಿ, ಹಿಡಿ ಹಾಕಿದ ಹಲಗೆಯಿಂದ ಎಳೆಯುತ್ತ ತಿರುವಿಹಾಕಬೇಕು. ಕಣದ ಮೇಲೆ ಬರಿಗಾಲಲ್ಲೇ ಹೋಗಬೇಕು. ಮೆಟ್ಟು ಹಾಕಿದರೆ ಬೀಜ ಒಡೆಯುತ್ತದೆ, ಕೊಳೆಯಾಗುತ್ತದೆ. ಮಧ್ಯಾಹ್ನದ ಹೊತ್ತಿಗೆ ಸಿಮೆಂಟು ಕಾದು ಕಾವಲಿಯಾಗುತ್ತದೆ. ಎಷ್ಟೇ ಗಟ್ಟಿ ಪಾದದವರಾದರೂ ಒಂದು ಕಾಲಿಂದ ಇನ್ನೊಂದಕ್ಕೆ ಜಿಗಿಯುತ್ತಾರೆ. ಹೊಸಬರು ಕುಣಿಯುವುದನ್ನು ನೋಡಲೆಂದೇ ಜನ ಬಂದು ನಿಲ್ಲುವುದಿದೆ.

"ಶೇಷನ್ನ ಕಣದ ಕೆಲಸಕ್ಕೆ ಹಾಕಿ," ಎಂದೆ. "ನನ್ನ ಪಕ್ಕಕ್ಕೇ ನಿಲ್ಲಲಿ. ಬಿಸಿ ತಾಗ್ತದೋ ಇಲ್ವೋ ಎಲ್ಲರೂ ಕಣ್ಣಲ್ಲೇ ನೋಡ್ಲಿ."

ಡಾಕ್ಟರ ಮಾತು ಮರೆತಿರಲಿಲ್ಲ. ಬಿಸಿಲಿನ ಕಾವು ಬೆಂಕಿಯಲ್ಲವಲ್ಲ ಎಂದುಕೊಂಡೆ. ಅವರು ಒಳಗೆ ಉರಿ ಎಂದಿದ್ದರು. ಆದರೆ ನನ್ನ ಕೈಗೆ ಆ ಕಾಲು ಯಾವಾಗಲೂ ಹೊಳೆಯ ಕಲ್ಲಿನ ಹಾಗೆ ತಣ್ಣಗಿರುತ್ತಿತ್ತು. ಅಷ್ಟು ತಣ್ಣಗಿರುವುದಕ್ಕೆ ಚೂರು ಬಿಸಿಲು ಬಿದ್ದರೆ ಏನಾದೀತು? ಹೀಗೆ ನನಗೆ ನಾನೇ ಹೇಳಿಕೊಂಡೆ.

ಶೇಷನಿಗೆ ಹೇಳಿದಾಗ ಅವನು ತನ್ನ ಪಾದವನ್ನೇ ನೋಡುತ್ತ ಕೂತ.

"ಗೊತ್ತಾಗದಿದ್ರೆ ಹೇಗೆ ಕುಣಿಯೋದು ಅಕ್ಕ?"

"ನನ್ನ ಕಾಲು ನೋಡ್ತಿರು. ನಾನು ಎತ್ತಿದಾಗ ಎತ್ತು."

"ಮರ ಹತ್ತೋನನ್ನ ದೊಂಬರಾಟಕ್ಕೆ ಹಾಕಿದ್ಯಲ್ಲ," ಎಂದು ನಕ್ಕ. ಒಪ್ಪಿಕೊಂಡ. ನಾನು ಹೇಳಿದ್ದಕ್ಕೆ ಅವನು ಯಾವತ್ತೂ ಇಲ್ಲ ಎಂದವನಲ್ಲ.

ಕಂಬಳಿ ಚೀಲ ಬಿಚ್ಚಿಟ್ಟು ಅವನು ಕಣಕ್ಕೆ ಇಳಿದಾಗ ಲೈನಿನ ಅರ್ಧ ಜನ ಅಲ್ಲಿದ್ದರು. ಹುಣ್ಣಿನ ಬೆರಳಿಗೆ ಮಾತ್ರ ಬಟ್ಟೆ ಸುತ್ತಿದ್ದೆ. ನಾನು ಮುಂದೆ, ಅವನು ಸ್ವಲ್ಪ ಹಿಂದೆ. ನಾನು ಹಲಗೆ ಎಳೆದು ಕಾಲೆತ್ತಿದರೆ ಅವನೂ ಎತ್ತುತ್ತಿದ್ದ. ನನಗೆ ನಿಜವಾಗಿ ಸುಡುತ್ತಿತ್ತು. ಅವನು ನನಗಿಂತ ಚೆನ್ನಾಗಿ ಕುಣಿದ. "ಅಯ್ಯಯ್ಯೋ" ಎನ್ನುತ್ತ ಬಾಯಿ ಸೊಟ್ಟ ಮಾಡಿ, ಪಾದಕ್ಕೆ ಉಫ್ ಎಂದು ಊದಿ, ಜನರನ್ನು ನಗಿಸಿದ. ಚೆಲುವಕ್ಕ ಸೆರಗು ಬಾಯಿಗಿಟ್ಟುಕೊಂಡು ನಕ್ಕಳು. "ಸಾಕು ಬಾರೋ ಶೇಷ, ನಂಬಿದ್ವಿ," ಎಂದು ಯಾರೋ ಕೂಗಿದರು.

ಅವತ್ತು ಸಂಜೆ ಅವ್ವ ಅವನ ತಟ್ಟೆಯನ್ನು ನಮ್ಮ ತಟ್ಟೆಗಳ ಜೊತೆಗೇ ತೊಳೆದಳು. ಒಂದರೊಳಗೊಂದು ಇಟ್ಟು ಒಳಗೆ ತಂದಳು. ಶೇಷ ಅದನ್ನು ನೋಡಿದ, ನಾನೂ ನೋಡಿದೆ.

ಆಮೇಲೆ ನಾನು ಅವನ ಕಾಲು ಒರೆಸಲು ಕೂತೆ. ಅಂಗಾಲಿನಲ್ಲಿ, ಹೆಬ್ಬೆರಳ ಬುಡದ ಹತ್ತಿರ, ಒಂದು ಬೊಬ್ಬೆ ಎದ್ದಿತ್ತು. ತಿಳಿನೀರಿನ ಬೊಬ್ಬೆ, ಹುಣಸೆ ಬೀಜದಷ್ಟು. ಮುಟ್ಟಿದೆ. ಅವನಿಗೆ ಗೊತ್ತಾಗಲಿಲ್ಲ. ಅವನು ಅವ್ವನ ಜೊತೆ ಏನೋ ಹೇಳಿ ನಗುತ್ತಿದ್ದ. ಎಷ್ಟೋ ತಿಂಗಳ ಮೇಲೆ ಅವ್ವ ಅವನ ಮಾತಿಗೆ ಉತ್ತರ ಕೊಡುತ್ತಿದ್ದಳು.

ನಾನು ಕೊಬ್ಬರಿ ಎಣ್ಣೆ ಹಚ್ಚಿ ಬಟ್ಟೆ ಸುತ್ತಿದೆ. ಏನೂ ಹೇಳಲಿಲ್ಲ. ಮರುದಿನ ಮತ್ತೆ ಕಣಕ್ಕೆ ಕರೆದುಕೊಂಡು ಹೋದೆ. ಒಂದೇ ದಿನಕ್ಕೆ ನಿಲ್ಲಿಸಿದರೆ ಜನ ಏನೆಂದುಕೊಳ್ಳುತ್ತಾರೆ ಅನ್ನುವುದೊಂದೇ ನನ್ನ ತಲೆಯಲ್ಲಿತ್ತು. ಆ ಪಾರ್ಚ್‌ಮೆಂಟು ಒಣಗಿ ಚೀಲ ಸೇರುವವರೆಗೂ ಅವನು ನನ್ನ ಕಾಲು ನೋಡಿಕೊಂಡು ಕುಣಿದ.

ಮೊದಲ ದಿನದ್ದು ತಿಳಿಯದೆ ಆದದ್ದು ಎಂದು ಹೇಳಿಕೊಳ್ಳಬಹುದು. ಎರಡನೆಯ ದಿನಕ್ಕೆ ನನ್ನ ಹತ್ತಿರ ಯಾವ ಮಾತೂ ಇಲ್ಲ.

ಬೊಬ್ಬೆ ಒಡೆದ ಜಾಗ ಮೊದಲು ಬೆಳ್ಳಗಾಯಿತು, ಆಮೇಲೆ ಬೂದಿಬಣ್ಣ, ಆಮೇಲೆ ಕಪ್ಪು. ಗುಲಾಬಿ ಚರ್ಮ ಎಲ್ಲಿತ್ತೆಂದು ಹುಡುಕಬೇಕಾಯಿತು. ಕಪ್ಪು ಪಾದದ ಮೇಲ್ಭಾಗಕ್ಕೆ ಏರಿತು, ವಾಸನೆ ಬಂತು, ಜ್ವರ ಬಂತು. ಮತ್ತೆ ಚಿಕ್ಕಮಗಳೂರಿಗೆ ಹೊರಟೆವು. ಈ ಸಲ ಏರಿನಲ್ಲಿ ಕಂಡಕ್ಟರು ಅವನನ್ನು ನೋಡಿ ಬೇರೆಯವರನ್ನು ಮಾತ್ರ ಇಳಿಸಿದ.

ಅದೇ ಡಾಕ್ಟರು. ಬಟ್ಟೆ ಬಿಚ್ಚಿದ ಕೂಡಲೆ ಅವರ ಮುಖ ಬಾಡಿತು.

"ಶಾಖ ಏನಾದರೂ ಕೊಟ್ರಾ?" ಎಂದು ನನ್ನನ್ನು ಕೇಳಿದರು.

"ಇಲ್ಲ ಸ್ವಾಮಿ," ಎಂದೆ.

ಒಲೆಯ ಶಾಖ ಕೊಟ್ಟಿರಲಿಲ್ಲ, ಆದ್ದರಿಂದ ಸುಳ್ಳಲ್ಲ ಎಂದು ಆ ಕ್ಷಣಕ್ಕೆ ಅಂದುಕೊಂಡೆ. ಜಾಣೆ ಎಂದು ಹೊಗಳಿದವರ ಮುಂದೆ ನಿಜ ಹೇಳಲು ಬಾಯಿ ಬರಲಿಲ್ಲ.

ಅವರು ಶೇಷನ ಕಡೆ ತಿರುಗಿದರು. "ಹಾಗಾದ್ರೆ ಬೀಡಿ. ನಿಜ ಹೇಳು. ಮತ್ತೆ ಶುರು ಮಾಡಿದ್ಯಾ?"

ಶೇಷ ನನ್ನನ್ನು ನೋಡಿದ. ಕಣದಲ್ಲಿ ನನ್ನ ಕಾಲು ನೋಡುತ್ತಿದ್ದನಲ್ಲ, ಹಾಗೇ ನೋಡಿದ. ನಾನು ನೆಲ ನೋಡಿದೆ.

"ಹೌದು ಸ್ವಾಮಿ. ಅಲ್ಲೊಂದು ಇಲ್ಲೊಂದು."

ಡಾಕ್ಟರು ಬೈಯಲಿಲ್ಲ. ಬೈದಿದ್ದರೆ ನಾನು ಬಾಯಿ ಬಿಡುತ್ತಿದ್ದೆನೋ ಏನೋ. ಕೈ ತೊಳೆದುಕೊಂಡು ಬಂದು, "ಮಂಡಿ ಕೆಳಗೆ ತೆಗೀಬೇಕು. ಬೆಂಗಳೂರಿನ ಮಾತು ಇನ್ನು ಬೇಡ. ಬೀಡಿ ಬಿಡೋಕೆ ಆಗದವನಿಗೆ ನರ ಕೊಯ್ದು ಏನು ಪ್ರಯೋಜನ?" ಎಂದರು. ಬಲಗಾಲಿಗಾಗಿ ಇದ್ದ ದಾರಿ ಅಲ್ಲಿಗೆ ಮುಚ್ಚಿತು.

ವಾರ್ಡಿನಲ್ಲಿ ಶೇಷನನ್ನು ಕೇಳಿದೆ, ಯಾಕೆ ಹಾಗೆ ಹೇಳಿದೆ ಎಂದು.

"ನಿನ್ನ ಬೈದ್ರೆ ನೀನು ಸತ್ತೇ ಹೋಗ್ತಿದ್ದೆ. ನಂಗೆ ಬೈಸ್ಕೊಂಡು ರೂಢಿ," ಎಂದ. ಹೊದಿಕೆ ಎಳೆದುಕೊಳ್ಳುತ್ತ, "ಅವ್ವನಿಗೂ ಕಣದಲ್ಲಿ ಸುಟ್ಟದ್ದು ಹೇಳ್ಬೇಡ. ಆಮೇಲೆ ತಟ್ಟೆ ಬೇರೆ ತೊಳೆದದ್ದಕ್ಕೆ ಅವಳು ಕೊರಗ್ತಾಳೆ," ಎಂದ.

ಎಡಗಾಲು ಹೋಯಿತು. ನಾನು ಎಷ್ಟೋ ಸಲ ಆ ಡಾಕ್ಟರ ಹತ್ತಿರ ಹೋಗಿ ಇದ್ದದ್ದು ಇದ್ದ ಹಾಗೆ ಹೇಳಬೇಕೆಂದುಕೊಂಡೆ. ಬಸ್ಸಿಲ್ಲ, ಮಳೆ, ಕೆಲಸ, ಅವ್ವನಿಗೆ ಜ್ವರ, ಒಂದಲ್ಲ ಒಂದು ನೆವ ಸಿಕ್ಕಿತು. ಮುಂದಿನ ಚಳಿಗಾಲದಲ್ಲಿ ಬಲಗಾಲು ತಣ್ಣಗಾಯಿತು. ನಾವು ಹೋದಾಗ ಆ ಡಾಕ್ಟರು ವರ್ಗವಾಗಿ ಹೋಗಿದ್ದರು. ಹೊಸ ಡಾಕ್ಟರು ಹಳೆಯದನ್ನೆಲ್ಲ ಕೇಳಿಕೊಂಡು, ಬಿಡಲಾರದವನು ಎಂದು ತಲೆಯಾಡಿಸಿ, ಅದನ್ನೂ ತೆಗೆದರು. ಬೆಂಗಳೂರಿಗೆ ಹೋಗಿದ್ದರೆ ಉಳಿಯುತ್ತಿತ್ತೋ ಇಲ್ಲವೋ ಯಾರಿಗೂ ಗೊತ್ತಿಲ್ಲ. ನನಗೆ ಅದೇ ಕಷ್ಟ. ಉಳಿಯುತ್ತಿರಲಿಲ್ಲ ಎಂದು ಯಾರಾದರೂ ಖಂಡಿತವಾಗಿ ಹೇಳಿದರೆ ಅವರ ಕಾಲು ಹಿಡಿಯುತ್ತೇನೆ.

ಅವ್ವ ತೀರಿಕೊಂಡಳು, ಏನೂ ತಿಳಿಯದೆ. ಶೇಷ ಈಗ ಕಾಫಿ ಆರಿಸುವ ಮನೆಯಲ್ಲಿ ಹೆಂಗಸರ ಸಾಲಿನಲ್ಲಿ ಕೂತು ಕಪ್ಪು ಬೀಜ ಆರಿಸುತ್ತಾನೆ. ಅವನನ್ನು ಬೆಳಿಗ್ಗೆ ಬೆನ್ನ ಮೇಲೆ ಹೊತ್ತು ತಂದು ಗೋಣಿಯ ಮೇಲೆ ಕೂರಿಸುವುದು ನಾನೇ. ಈಗಲೂ ಕೆಲವು ದಿನ ಇಲ್ಲದ ಹೆಬ್ಬೆರಳು ನೋಯುತ್ತದೆ ಎನ್ನುತ್ತಾನೆ. ಇದ್ದಾಗ ಬಿಸಿ ಗೊತ್ತಾಗದ ಬೆರಳು ಈಗ ನೋವಾಗಿ ಗೊತ್ತಾಗುತ್ತಿದೆ. ಲೈನಿನ ತಾಯಂದಿರು ಬೀಡಿ ಕದ್ದು ಸೇದುವ ಗಂಡುಮಕ್ಕಳನ್ನು ಬಾಗಿಲಿಗೆ ಎಳೆದು ತಂದು ತೋರಿಸುತ್ತಾರೆ: "ನೋಡು, ಬಿಡು ಅಂದ್ರೂ ಬಿಡದೆ ಎರಡೂ ಕಾಲು ಕಳ್ಕೊಂಡ." ಶೇಷ ಆ ಹುಡುಗರಿಗೆ ಕಣ್ಣು ಹೊಡೆಯುತ್ತಾನೆ. ನಾನು ಪಕ್ಕದಲ್ಲೇ ಬೀಜ ಆರಿಸುತ್ತಿರುತ್ತೇನೆ.

ಜನಕ್ಕೆ ನಿಜ ಹೇಳಿಬಿಡೋಣ ಎಂದು ಅವನನ್ನು ಕೇಳಿದ್ದೇನೆ. ಅವನು ಒಪ್ಪುವುದಿಲ್ಲ. "ಬಿಟ್ಟವನಿಗೂ ಕಾಲು ಹೋಯ್ತು ಅಂತ ಗೊತ್ತಾದ್ರೆ ಯಾರು ಬಿಡ್ತಾರೆ ಅಕ್ಕ? ಹೀಗೇ ಇರಲಿ," ಎನ್ನುತ್ತಾನೆ. ಅವನ ಒಳ್ಳೆಯತನವೇ ನನ್ನ ಬಾಯಿಗೆ ಬೀಗವಾಯಿತು. ಬಹಳ ಕಾಲ ಆ ಬೀಗ ನನಗೆ ಅನುಕೂಲವಾಗಿಯೂ ಇತ್ತು.

ಹೋದ ಸುಗ್ಗಿಯಲ್ಲಿ ಕಳಸದ ಕಡೆಯ ಒಬ್ಬ ನಮ್ಮನ್ನು ಹುಡುಕಿಕೊಂಡು ಕಾಫಿ ಆರಿಸುವ ಮನೆಗೇ ಬಂದ. ಅಡಿಕೆ ಮರ ಹತ್ತಿ ಕೊನೆ ಕೀಳುವವನು, ಪ್ರಾಯದವನು. ಬಲಗಾಲಿನ ಎರಡು ಬೆರಳು ನೇರಳೆಯಾಗಿದ್ದವು. ಶೇಷ ಅವನಿಗೆ ಎಲ್ಲ ಹೇಳಿದ. ಕಾಲು ಎತ್ತುವುದು, ಇಳಿಬಿಡುವುದು, ಹತ್ತಿ ಸುತ್ತುವುದು.

"ಬೀಡಿ ಒಂದು ಬಿಡು ಮಾರಾಯ. ನಾನು ಬಿಡದೆ ಹೀಗಾದೆ."

ಅವನು ಶೇಷನ ಮೊಂಡುಕಾಲುಗಳನ್ನು ನೋಡಿದ. ಆಮೇಲೆ ಸೊಂಟದಿಂದ ಬೀಡಿಕಟ್ಟು ತೆಗೆದು ಶೇಷನ ಮುಂದೆ ಇಟ್ಟು ಎದ್ದ. ಹೊರಗೆ ಮಧ್ಯಾಹ್ನದ ಬಿಸಿಲು. ಕಣದ ಒಂದು ಭಾಗ ಖಾಲಿಯಿತ್ತು. ಬಸ್ಸಿನ ದಾರಿಗೆ ಅದು ಅಡ್ಡದಾರಿ. ಅವನು ಬರಿಗಾಲಲ್ಲಿ ಅದರ ಮೇಲೇ ಹೊರಟ. ಕುಣಿಯಲಿಲ್ಲ. ಗದ್ದೆ ಬದುವಿನ ಮೇಲೆ ಹೋಗುವವನ ಹಾಗೆ ನಿಧಾನವಾಗಿ ನಡೆಯುತ್ತಿದ್ದ.

ಶೇಷ ನನ್ನನ್ನು ನೋಡಿದ.

ನಾನು ಮಡಿಲಲ್ಲಿದ್ದ ಬೀಜವನ್ನೆಲ್ಲ ಚೆಲ್ಲಿಕೊಂಡು ಓಡಿದೆ. ಅವನ ತೋಳು ಹಿಡಿದು ಅಂಚಿನ ಹುಲ್ಲಿನ ಮೇಲಕ್ಕೆ ಎಳೆದೆ. ಹೆಂಗಸರೆಲ್ಲ ಬಾಗಿಲಿಗೆ ಬಂದು ನಿಂತರು. ಚೆಲುವಕ್ಕನೂ ಇದ್ದಳು.

"ಯಾಕಮ್ಮ?" ಎಂದ ಅವನು ಗಾಬರಿಯಾಗಿ.

"ಕಣ ಸುಡ್ತದೆ."

"ನಂಗೆ ಏನೂ ಗೊತ್ತಾಗ್ಲಿಲ್ವಲ್ಲ."

"ಅದಕ್ಕೇ," ಎಂದೆ. ಅವನನ್ನು ಹುಲ್ಲಿನ ಮೇಲೆ ಕೂರಿಸಿ, ಅಂಗಾಲನ್ನು ನನ್ನ ತೊಡೆಯ ಮೇಲೆ ತಿರುಗಿಸಿ ನೋಡಿದೆ. ಹೊಳೆಯ ಕಲ್ಲಿನ ಹಾಗೆ ತಣ್ಣಗಿತ್ತು. "ನನ್ನ ತಮ್ಮ ಬೀಡಿ ಬಿಟ್ಟಿದ್ದ. ಹುಣ್ಣು ಮಾಯ್ತಾ ಇತ್ತು. ಅವನನ್ನ ಈ ಕಣದ ಮೇಲೆ ಕುಣಿಸಿದವಳು ನಾನು."

ಒಳಗಿನಿಂದ ಶೇಷನ ದನಿ ಕೇಳಿಸಿತು.

"ಅಕ್ಕ, ಅವನಿಗೆ ಬಸ್ಸು ತಪ್ಪುತ್ತದೆ. ನನ್ನ ಕಂಬಳಿ ಚೀಲ ಮನೆ ಗೋಡೆ ಗೂಡಲ್ಲೇ ಇದೆ, ಕೊಟ್ಟು ಕಳಿಸು."